ಮೂರನೇ ಹೊಸಿಲು ದಾಟಿದ ಸದ್ದು

(ನಮ್ಮ ಬಡಾವಣೆ ಲೈಬ್ರರಿಯಲ್ಲಿ ಸಂಜೆ ಹೊತ್ತು ಆಡಿದ ಮಾತು ಇದು. ಒಬ್ಬರು ಫೋನಲ್ಲಿ ರೆಕಾರ್ಡ್ ಮಾಡ್ಕೊಂಡಿದ್ರು, ಅದನ್ನ ಕೇಳ್ಕೊಂಡು ಟೈಪ್ ಮಾಡಿದೀನಿ. ನಡುವೆ ಟೀ ಬಂದಿದ್ದು, ನಾನು ಕೆಮ್ಮಿದ್ದು, ಅವೆಲ್ಲ ತೆಗೆದಿದೀನಿ, ಉಳಿದಿದ್ದು ಹೆಚ್ಚುಕಮ್ಮಿ ಆಡಿದ ಹಾಗೇ ಇದೆ.)

ನಮಸ್ಕಾರ. ಮೂವತ್ತು ಜನಕ್ಕೆ ಮೈಕ್ ಯಾಕೆ, ಬೇಡ ಅಂದೆ, ಆದ್ರೂ ಇಟ್ಟಿದ್ರು, ಅದು ಕುಂಯ್ಯ್ ಅಂತ ಒಂದ್ಸಲ ಕಿರುಚಿದ್ದಕ್ಕೆ ಎಲ್ರೂ ಕಿವಿ ಮುಚ್ಕೊಂಡ್ರಿ, ಈಗ ಆಫ್ ಮಾಡಿದೀವಿ, ಹಿಂದಿನವ್ರಿಗೆ ಕೇಳ್ದಿದ್ರೆ ಕೈ ಎತ್ತಿ, ನಾನು ಜೋರು ಮಾಡ್ತೀನಿ. ಒಂದು ಲೆಕ್ಕದಲ್ಲಿ ನೋಡಿದ್ರೆ ಸಭೆ ಈಗಾಗ್ಲೇ ಶುರು ಆಯ್ತು, ಇವತ್ತಿನ ವಿಷಯಾನೇ ಇದು, ಸದ್ದು.

ನಾನೊಂದು ಕಾದಂಬರಿ ಬರೀತಿದೀನಿ. ಎಷ್ಟು ದಿನದಿಂದ ಅಂದ್ರೆ ಮನೇಲಿ ಕೇಳೋದನ್ನೇ ಬಿಟ್ಬಿಟ್ಟಿದಾರೆ. ಅದ್ರಲ್ಲಿ ಒಂದು ಊರು ಬರುತ್ತೆ, ಹೆಸರು ಕಿವಿಗಲ್ಲು. ಸುತ್ತ ಬಂಡೆ, ನಡುವೆ ಬಾಣಲೆ ತರದ ತಗ್ಗಲ್ಲಿ ಊರು. ಅಲ್ಲಿ ಯಾವ ಸದ್ದೂ ಸಾಯಲ್ಲ. ಬಂಡೆ ಎಲ್ಲಾನೂ ಕುಡ್ಕೊಂಡು ಇಟ್ಕೊಂಡಿರುತ್ತೆ, ಅಮಾವಾಸ್ಯೆ ರಾತ್ರಿ ಒಟ್ಟಿಗೆ ಕಕ್ಕುತ್ತೆ. ಒಂದು ತಿಂಗಳು ಊರಲ್ಲಿ ಆಡಿದ ಮಾತು, ಜಗಳ, ನಗು, ಪಾತ್ರೆ ಬಿದ್ದಿದ್ದು, ಗಂಡ ಹೆಂಡ್ತಿ ಪಿಸುಮಾತು, ಸಾಲ ಕೇಳಕ್ಕೆ ಬಂದವನ ಬೈಗುಳ, ಎಲ್ಲಾ ಒಂದೇ ರಾತ್ರಿಲಿ. ಇಂಥ ಊರಲ್ಲಿ ಬದುಕಬೇಕು ಅಂದ್ರೆ ಸದ್ದಿಗೆ ಒಂದು ಕಾನೂನು ಬೇಕೇ ಬೇಕಲ್ವಾ. ಹಾಗಾಗಿ ಆ ಕಾನೂನು ಬರೆಯಕ್ಕೆ ಕೂತೆ. ಎರಡು ಪುಟದ ಕೆಲಸ ಅನ್ಕೊಂಡಿದ್ದೆ, ಮಳೆಗಾಲ ಪೂರ್ತಿ ತಿಂದ್ಬಿಡ್ತು, ಅದ್ರ ಕಥೆ ಹೇಳ್ತೀನಿ.

ಊರಿನ ಐಡಿಯಾ ಎಲ್ಲಿಂದ ಬಂತು ಅಂದ್ರೆ, ಗೋಳಗುಮ್ಮಟ. ಸ್ಕೂಲ್ ಟ್ರಿಪ್ಪಲ್ಲಿ ಹೋಗಿದ್ದೆ. ಮುಹಮ್ಮದ್ ಆದಿಲ್ ಶಾಹನ ಗೋರಿ, 1656ರ ಹೊತ್ತಿಗೆ ಕಟ್ಟಿದ್ದು, ನಡುವೆ ಒಂದೂ ಕಂಬ ಇಲ್ಲದೆ ನಿಂತಿರೋ ಆ ದೊಡ್ಡ ಗುಮ್ಮಟ. ಕಿರಿದಾದ ಮೆಟ್ಟಿಲು ಹತ್ತಿ ಹತ್ತಿ ಏದುಸಿರು ಬಿಡ್ತಾ ಮೇಲಿನ ಸುತ್ತು ಮೊಗಸಾಲೆಗೆ ಹೋದ್ವಿ. ಆ ಕಡೆ ಗೋಡೆಗೆ ಬಾಯಿಟ್ಟು ಪಿಸುಗುಟ್ಟಿದ್ರೆ ಈ ಕಡೆ ಕಿವೀಲಿ ಹೇಳ್ದಂಗೆ ಕೇಳುತ್ತೆ, ಒಂದು ಚಪ್ಪಾಳೆ ತಟ್ಟಿದ್ರೆ ಏಳು ಸಲ ವಾಪಸ್ ಬರುತ್ತೆ ಅಂತ ಮೇಷ್ಟ್ರು ಮೊದಲೇ ಹೇಳಿ ಕರ್ಕೊಂಡು ಹೋಗಿದ್ರು. ನಾನು ಗೋಡೆಗೆ ಕಿವಿ ಇಟ್ಟು ನಿಂತೆ. ಕೇಳಿಸಿದ್ದೇನು? ಇನ್ನೂರು ಹುಡುಗ್ರು ಹೋ ಹೋ ಅಂತ ಕಿರುಚಿದ್ದು, ಅದರ ಮಾರ್ದನಿ, ಆ ಮಾರ್ದನಿ ಕೇಳಿ ಖುಷಿಯಾಗಿ ಮತ್ತೆ ಕಿರುಚಿದ್ದು, ಅದರ ಮೇಲೆ ಶಿಳ್ಳೆ. ಆ ಕಡೆ ನನ್ನ ಗೆಳೆಯ ಏನೋ ಪಿಸುಗುಟ್ಟಿದ್ನಂತೆ, ಇವತ್ತಿಗೂ ಏನು ಅಂತ ಹೇಳಿಲ್ಲ ಅವನು. ಪಿಸುಮಾತು ಕೇಳಿಸಕ್ಕೇ ಹೇಳಿ ಮಾಡಿಸಿದಂಥ ಜಾಗ, ಅಲ್ಲಿ ಪಿಸುಮಾತು ಕೇಳಿಸ್ಬೇಕು ಅಂದ್ರೆ ಮಿಕ್ಕವ್ರನ್ನೆಲ್ಲ ಯಾರಾದ್ರೂ ಸುಮ್ಮನಿರಿಸ್ಬೇಕು. ಯಾರು ಸುಮ್ಮನಿರ್ಬೇಕು, ಯಾರು ಪಿಸುಗುಟ್ಟಬಹುದು, ಈ ತಕರಾರು ಅವತ್ತೇ ತಲೇಲಿ ಕೂತಿರ್ಬೇಕು.

ಹಾಂ, ಕಾನೂನು. ಮೊದಲ ಡ್ರಾಫ್ಟು ಒಂದೇ ಸಾಲಿಂದು. ಕಾನೂನು ಅಂದ್ಮೇಲೆ ಸರ್ಕಾರಿ ಕನ್ನಡದಲ್ಲಿ ಇರ್ಬೇಕಲ್ವಾ, "ತಕ್ಕದ್ದು" ಇಲ್ದಿದ್ರೆ ಯಾರೂ ಹೆದರಲ್ಲ. "ಕಿವಿಗಲ್ಲಿನ ಯಾವುದೇ ನಿವಾಸಿಯು ಅನಗತ್ಯ ಸದ್ದು ಮಾಡತಕ್ಕದ್ದಲ್ಲ." ಓದಕ್ಕೆ ಚೆನ್ನಾಗಿದೆ. ನನ್ನ ಹೆಂಡ್ತಿಗೆ ತೋರಿಸ್ದೆ, ಅವಳು ಅಡುಗೆ ಮನೆಯಿಂದಾನೇ ಕೇಳಿದ್ಲು, ಅನಗತ್ಯ ಅಂತ ಯಾರು ಹೇಳ್ಬೇಕು? ಒಗ್ಗರಣೆ ಚಟಪಟ ಅಗತ್ಯಾನಾ ಅನಗತ್ಯಾನಾ? ಮಗು ಅತ್ರೆ?

ಇದು ತಮಾಷೆ ಪ್ರಶ್ನೆ ಅಲ್ಲ, ನಿಜವಾದ ಊರುಗಳು ಇಲ್ಲೇ ಮುಗ್ಗರಿಸಿರೋದು. ನ್ಯೂಯಾರ್ಕಲ್ಲಿ 1906ರಲ್ಲಿ ಜೂಲಿಯಾ ಬಾರ್ನೆಟ್ ರೈಸ್ ಅನ್ನೋ ಹೆಂಗಸು ಒಂದು ಸಂಘ ಕಟ್ಟಿದ್ರು, ಅನಗತ್ಯ ಸದ್ದು ಅಡಗಿಸೋ ಸಂಘ ಅಂತಾನೇ ಅದರ ಹೆಸರು. ಹಡ್ಸನ್ ನದೀಲಿ ಹಡಗು ಎಳೆಯೋ ಟಗ್ ಬೋಟುಗಳು ರಾತ್ರಿಯಿಡೀ ಸೀಟಿ ಹೊಡೀತಿದ್ವು, ನದಿ ಪಕ್ಕದಲ್ಲೇ ಅವರ ಬಂಗ್ಲೆ. ಆಕೆ ಲಾ ಓದೋ ಹುಡುಗ್ರನ್ನ ಕೂರಿಸಿ ರಾತ್ರಿ ಎಷ್ಟು ಸೀಟಿ ಬೀಳುತ್ತೆ ಅಂತ ಎಣಿಸಿದ್ರು. ಸುಮಾರಷ್ಟು ಸೀಟಿ ಬೋಟಿನವ್ರು ದಡದಲ್ಲಿರೋ ಗೆಳೆಯರಿಗೆ "ಏನಪ್ಪಾ, ಚೆನ್ನಾಗಿದೀಯಾ" ಅನ್ನಕ್ಕೆ ಹೊಡೀತಿದ್ದಿದ್ದು. ರೈಸ್ ಅವ್ರಿಗೆ ಅದು ಅನಗತ್ಯ. ರಾತ್ರಿಯೆಲ್ಲ ನೀರ ಮೇಲೆ ದುಡಿಯೋನಿಗೆ? ನನಗೆ ಬೋಟಿನವನ ಮೇಲೂ ಪ್ರೀತಿ, ನಿದ್ದೆ ಇಲ್ಲದೆ ಒದ್ದಾಡಿದವ್ರ ಮೇಲೂ ಪ್ರೀತಿ, ಅದಕ್ಕೇ ನಾನು ಕಾದಂಬರಿ ಬರೀತೀನಿ, ಜಡ್ಜ್ ಆಗಿಲ್ಲ.

ಸರಿ, ಅನಗತ್ಯ ಅನ್ನೋ ಪದ ಹೊಡೆದು ಹಾಕ್ದೆ. ಹಾಗಾದ್ರೆ ಅಳತೆ ಬೇಕು. ಕಿವಿಗಲ್ಲಲ್ಲಿ ಸದ್ದು ಅಳೆಯೋ ಡೆಸಿಬಲ್ ಮೀಟರ್ ಇಲ್ಲ, ಅದು ಎತ್ತಿನ ಗಾಡಿ ಕಾಲದ ಊರು. ಸೇರು ಪಾವು ಲೆಕ್ಕದಲ್ಲಿ ಸದ್ದು ಅಳೆದ್ರೆ ಹೇಗೆ ಅಂತ ಒಂದು ವಾರ ಖುಷಿಪಟ್ಟೆ. ಪಿಸುಮಾತು ಚಟಾಕು, ಮಾತು ಪಾವು, ಕೂಗು ಸೇರು, ಮದುವೆ ವಾಲಗ ಖಂಡುಗ. ಮನೆಗೆ ದಿನಕ್ಕಿಷ್ಟು ಸೇರು ಅಂತ ಪಡಿತರ. ಆದ್ರೆ ಅದು ಕೂರಲ್ಲ, ಯಾಕಂದ್ರೆ ನಮ್ಮ ಕಿವಿ ರಾಗಿ ಅಳೆಯೋ ಸೇರಿನ ತರ ಕೂಡಿಸಲ್ಲ. ಒಬ್ಬರು ಭಜನೆ ಮಾಡೋ ಕಡೆ ಅಷ್ಟೇ ಗಂಟಲಿರೋ ಹತ್ತು ಜನ ಕೂತ್ರೆ ಸದ್ದಿನ ಶಕ್ತಿ ಹತ್ತು ಪಟ್ಟು, ಡೆಸಿಬಲ್ ಲೆಕ್ಕದಲ್ಲಿ 10 ಜಾಸ್ತಿ, ಆದ್ರೆ ಕಿವಿಗೆ ಅನ್ಸೋದು ಸುಮಾರು ಎರಡು ಪಟ್ಟು ಅಷ್ಟೇ. ಹತ್ತು ಜನರ ಮನೆಗೆ ಹತ್ತು ಸೇರು ದಂಡ ಹಾಕಿದ್ರೆ ಅನ್ಯಾಯ. ಸೇರು ಪಾವು ಬಿಟ್ಟೆ, ಬೇಜಾರಾಯ್ತು, ಪದಗಳು ಚೆನ್ನಾಗಿದ್ವು.

ಆಮೇಲೆ ಹೊಳೆದಿದ್ದು ದೂರ. ಸದ್ದು ಎಷ್ಟು ದೂರ ಹೋಗುತ್ತೆ ಅನ್ನೋದೇ ಅಳತೆ. ಹೀಗೆ ಬರ್ದೆ: "ಮನೆಯೊಳಗಣ ಸದ್ದು ಮೂರನೆಯ ಹೊಸಿಲನ್ನು ದಾಟತಕ್ಕದ್ದಲ್ಲ." ನಿಮ್ಮ ಮನೆ ಸದ್ದು ಪಕ್ಕದ ಮನೆ, ಅದರ ಪಕ್ಕದ ಮನೆ, ಪರವಾಗಿಲ್ಲ, ಮೂರನೇ ಮನೆ ಹೊಸಿಲಲ್ಲಿ ನಿಂತವನಿಗೆ ಕೇಳಿಸ್ತು ಅಂದ್ರೆ ದಂಡ. ಕೇಳಕ್ಕೆ ಕಿವಿಗಾರ ಅಂತ ಒಬ್ಬ ನೌಕರ, ಕೈಯಲ್ಲಿ ಕೋಲಿಲ್ಲ ಏನಿಲ್ಲ, ಸುಮ್ನೆ ಬಂದು ಹೊಸಿಲ ಮೇಲೆ ಕಣ್ಮುಚ್ಚಿ ನಿಂತ್ಕೋತಾನೆ. ನನಗೆ ಭಾಳ ಹಿಡಿಸ್ತು ಇದು. ಎಲ್ರಿಗೂ ಒಂದೇ ಕಾನೂನು, ಪಕ್ಷಪಾತ ಇಲ್ಲ, ಮೀಟರ್ ಬೇಡ.

ಆಮೇಲೆ ಊರಿನ ನಕ್ಷೆ ಬರೆದೆ, ಪೆನ್ಸಿಲಲ್ಲಿ. ಕಮ್ಮಾರರ ಕೇರಿ, ನೇಕಾರರ ಕೇರಿ, ಮೇಲುಗಡೆ ದಿವಾನರ ಬೀದಿ. ಕೇರಿಯಲ್ಲಿ ಗೋಡೆಗೆ ಗೋಡೆ ಅಂಟಿಕೊಂಡಿದೆ, ಮೂರನೇ ಹೊಸಿಲು ಅಂದ್ರೆ ಇಪ್ಪತ್ತಡಿ. ದಿವಾನರ ಬೀದಿಯಲ್ಲಿ ಒಂದೊಂದು ಮನೆಗೂ ತೋಟ, ಅಂಗಳ, ಕುದುರೆ ಲಾಯ, ಅಲ್ಲಿ ಮೂರನೇ ಹೊಸಿಲು ಮುನ್ನೂರಿಪ್ಪತ್ತು ಅಡಿ. ಬಯಲಲ್ಲಿ ದೂರ ಎರಡು ಪಟ್ಟಾದಾಗೆಲ್ಲ ಸದ್ದು 6 ಡೆಸಿಬಲ್ ಇಳಿಯುತ್ತೆ. 20 ಅಡಿ 40 ಆಯ್ತು, 80 ಆಯ್ತು, 160, 320, ನಾಲ್ಕು ಸಲ ಎರಡು ಪಟ್ಟು, ಅಂದ್ರೆ 24 ಡೆಸಿಬಲ್. ಕೇರಿಯವನಿಗಿಂತ ದಿವಾನರ ಮನೆಯವನು ಸುಮಾರು 250 ಪಟ್ಟು ಶಕ್ತಿಯ ಸದ್ದು ಮಾಡ್ಬಹುದು, ಅದೇ ಕಾನೂನಿನ ಅದೇ ಸಾಲಿನ ಕೆಳಗೆ. ಕೇರೀಲಿ ಅತ್ತೆ ಸೊಸೆಗೆ ಉಪ್ಪು ಕೇಳಿದ್ರೆ ದಂಡ, ಮೇಲೆ ನಗಾರಿ ಬಾರಿಸಿದ್ರೂ ಕಿವಿಗಾರನಿಗೆ ಕೇಳ್ಸಲ್ಲ. ನಾನೇ ಬರೆದ ಕಾನೂನು, ನಾನೇ ಬರೆದ ನಕ್ಷೆ, ಎರಡನ್ನೂ ಮೇಜಿನ ಮೇಲೆ ಪಕ್ಕ ಪಕ್ಕ ಇಟ್ಟು ನೋಡೋವರೆಗೂ ನನಗೆ ಗೊತ್ತೇ ಆಗಿರ್ಲಿಲ್ಲ. ಅದನ್ನ ತಿದ್ದಲಿಲ್ಲ, ಹಾಗೇ ಬಿಟ್ಟೆ, ಕಥೆ ನಿಜವಾಗಿ ಶುರುವಾಗಿದ್ದೇ ಅಲ್ಲಿಂದ.

ಇಷ್ಟಾದ್ಮೇಲೆ ಹಳೇ ಊರುಗಳವ್ರು ಏನ್ ಮಾಡಿದ್ರು ಅಂತ ಹುಡುಕ್ತಾ ಹೋದೆ. ಇಟಲಿಯ ದಕ್ಷಿಣ ತುದೀಲಿ ಸಿಬಾರಿಸ್ ಅಂತ ಗ್ರೀಕರ ಊರಿತ್ತು, ಐಷಾರಾಮಕ್ಕೆ ಹೆಸರುವಾಸಿ. ಕಮ್ಮಾರರು ಬಡಗಿಗಳು ಊರೊಳಗೆ ಕೆಲಸ ಮಾಡಂಗಿಲ್ಲ, ಊರಲ್ಲಿ ಹುಂಜ ಸಾಕಂಗಿಲ್ಲ, ನಿದ್ದೆ ಕೆಡುತ್ತೆ. ಇದನ್ನ ಬರೆದಿಟ್ಟ ಅಥೀನಿಯಸ್ ಅನ್ನೋನು ಏಳುನೂರು ವರ್ಷ ಆದ್ಮೇಲೆ ಬಂದವನು, ಹಾಗಾಗಿ ಇದರಲ್ಲಿ ಕಟ್ಟೆ ಪುರಾಣ ಎಷ್ಟು, ನಿಜ ಎಷ್ಟು, ನೀವೇ ಉಪ್ಪು ಖಾರ ನೋಡ್ಕೊಳ್ಳಿ. ಆದ್ರೆ ಅವನು ಹೇಳೋ ಇನ್ನೊಂದು ಕಥೆ ನನಗೆ ಹೊಟ್ಟೆಕಿಚ್ಚು ತರಿಸುತ್ತೆ, ನನಗ್ಯಾಕೆ ಹೊಳೀಲಿಲ್ಲ ಅಂತ. ಹುಂಜದ ಕೂಗು ತಡ್ಕೊಳಕ್ಕಾಗ್ದಿದ್ದ ಈ ಜನ ತಮ್ಮ ಕುದುರೆಗಳಿಗೆ ಕೊಳಲಿಗೆ ಕುಣಿಯೋದು ಕಲಿಸಿದ್ರಂತೆ, ಔತಣದಲ್ಲಿ ಮಜಾ ಇರ್ಲಿ ಅಂತ. ಪಕ್ಕದ ಕ್ರೋಟನ್ ಊರಿನವ್ರಿಗೆ ಇದು ಗೊತ್ತಾಯ್ತು. ಯುದ್ಧಕ್ಕೆ ಬಂದವ್ರು ಕೊಳಲು ಊದಿದ್ರು. ಕುದುರೆಗಳು ಸವಾರರನ್ನ ಹೊತ್ಕೊಂಡೇ ಕುಣೀತಾ ಕುಣೀತಾ ಶತ್ರು ಕಡೆಗೆ ಹೊರಟ್ಹೋದ್ವು. ಕ್ರಿಸ್ತಪೂರ್ವ 510ರಲ್ಲಿ ಕ್ರೋಟನ್ನವ್ರು ಸಿಬಾರಿಸ್ಸನ್ನ ನೆಲಸಮ ಮಾಡಿದ್ದಂತೂ ನಿಜ.

ರೋಮಿನದ್ದು ಇನ್ನೂ ಗಟ್ಟಿ ಸಾಕ್ಷಿ, ಕಂಚಿನ ಫಲಕದ ಮೇಲೆ ಕೊರೆದಿದ್ದು ಸಿಕ್ಕಿದೆ. ಜೂಲಿಯಸ್ ಸೀಸರನ ಕಾಲದ್ದು. ಹೊತ್ತು ಹುಟ್ಟಿದ್ದರಿಂದ ಹಗಲಿನ ಹತ್ತನೇ ಗಂಟೆವರೆಗೆ, ಅಂದ್ರೆ ನಮ್ಮ ಲೆಕ್ಕದಲ್ಲಿ ಸಾಯಂಕಾಲ ನಾಲ್ಕರ ತನಕ, ಊರೊಳಗೆ ಗಾಡಿ ಓಡಿಸಂಗಿಲ್ಲ. ಬೀದಿ ಇಕ್ಕಟ್ಟು, ಅದಕ್ಕೆ. ಟ್ರಾಫಿಕ್ ರೂಲ್ ಇದು, ಸದ್ದಿನ ಕಾನೂನಲ್ಲ. ಆದ್ರೆ ಆಗಿದ್ದೇನು, ಎಲ್ಲಾ ಗಾಡಿಗಳೂ ರಾತ್ರಿ ಬಂದ್ವು, ಕಬ್ಬಿಣದ ಪಟ್ಟಿ ಬಡಿದ ಚಕ್ರ ಕಲ್ಲು ಚಪ್ಪಡಿ ಮೇಲೆ ಗಡಗಡ ಗಡಗಡ ಅಂತ. ಮುಂದೆ ಜುವೆನಲ್ ಅನ್ನೋ ಕವಿ ಈ ಊರಲ್ಲಿ ನಿದ್ದೆ ಮಾಡ್ಬೇಕಂದ್ರೆ ಭಾರೀ ಸಾಹುಕಾರನಾಗಿರ್ಬೇಕು ಅಂತ ಗೊಣಗ್ತಾನೆ. ಹಗಲಿನ ಜಾಗ ಉಳಿಸಕ್ಕೆ ಹೋಗಿ ರಾತ್ರಿ ನಿದ್ದೆ ಕೊಟ್ಬಿಟ್ರು.

ನಾನು ಆ ಫಲಕದಲ್ಲಿ ತುಂಬಾ ಹೊತ್ತು ನಿಂತಿದ್ದು ವಿನಾಯಿತಿಗಳ ಹತ್ರ. ಯಾರ್ಯಾರ ಗಾಡಿ ಹಗಲಲ್ಲೂ ಬರ್ಬಹುದು? ದೇವಸ್ಥಾನ ಕಟ್ಟೋ ಸಾಮಾನಿನ ಗಾಡಿ. ಸರ್ಕಾರಿ ಕೆಲಸದ ಗಾಡಿ. ವೆಸ್ಟಾ ದೇವತೆಯ ಕನ್ಯೆಯರು, ಕೆಲವು ಪುರೋಹಿತರು, ಪೂಜೆ ದಿನ. ವಿಜಯೋತ್ಸವ. ಆಟೋಟ. ಕೊನೆಗೆ, ಇದು ನನಗೆ ಭಾಳ ಇಷ್ಟ, ರಾತ್ರಿ ಬಂದು ಖಾಲಿ ವಾಪಸ್ ಹೋಗೋ ಗಾಡಿ ಮತ್ತೆ ಊರಿನ ಹೊಲಸು ಹೊರಗೆ ಸಾಗಿಸೋ ಗಾಡಿ. ಈ ಪಟ್ಟಿ ಒಂದು ಕೊಟ್ರೆ ಸಾಕು, ಆ ಊರಲ್ಲಿ ದೊಡ್ಡವ್ರು ಯಾರು, ಯಾರಿಲ್ಲದಿದ್ರೆ ಊರು ನಡೆಯಲ್ಲ, ಯಾರಿಗೆ ಹೆದರ್ತಾರೆ, ಎಲ್ಲಾ ಗೊತ್ತಾಗುತ್ತೆ. ಅವತ್ತಿಂದ ನಾನು ಯಾವ ಕಾನೂನು ಕೈಗೆ ಸಿಕ್ರೂ ಹಿಂದಿನಿಂದ ಓದ್ತೀನಿ, "ಆದರೆ" ಅಂತ ಶುರುವಾಗೋ ಕಡೆಯಿಂದ.

ನಮ್ಮದನ್ನೂ ಹಾಗೇ ಓದಿ ನೋಡಿ. ಭಾರತದ ಶಬ್ದ ಮಾಲಿನ್ಯ ನಿಯಮಗಳು ಬಂದಿದ್ದು 2000ದಲ್ಲಿ. ವಸತಿ ಪ್ರದೇಶಕ್ಕೆ ಹಗಲು 55 ಡೆಸಿಬಲ್, ರಾತ್ರಿ 45. ವ್ಯಾಪಾರದ ಜಾಗಕ್ಕೆ 65, 55. ಕೈಗಾರಿಕೆಗೆ 75, 70. ಆಸ್ಪತ್ರೆ ಗಿಸ್ಪತ್ರೆ ಪಕ್ಕ ನಿಶ್ಶಬ್ದ ವಲಯಕ್ಕೆ 50, 40. ರಾತ್ರಿ ಅಂದ್ರೆ 10ರಿಂದ ಬೆಳಿಗ್ಗೆ 6. ನಾನೀಗ ನಿಮ್ಮ ಮುಂದೆ ನಿಂತು ಮೈಕಿಲ್ದೆ ಸಾಧಾರಣವಾಗಿ ಮಾತಾಡಿದ್ರೇ ಒಂದು ಮೀಟರ್ ದೂರದಲ್ಲಿ 60ರ ಆಸುಪಾಸು ಬರುತ್ತೆ, ಅದೂ ನೆನಪಿರ್ಲಿ. ಈಗ "ಆದರೆ" ಕಡೆ ಬನ್ನಿ. ಹಬ್ಬ ಹರಿದಿನಕ್ಕೆ ಅಂತ ವರ್ಷಕ್ಕೆ 15 ದಿನ ಮೀರದಂಗೆ ರಾಜ್ಯ ಸರ್ಕಾರ ರಾತ್ರಿ 12ರವರೆಗೆ ಧ್ವನಿವರ್ಧಕ ಹಾಕಕ್ಕೆ ಬಿಡಬಹುದು. ಆ 15 ದಿನ ಯಾವ್ಯಾವುದು? ಯಾರ ಹಬ್ಬ? ಸಾಮರಸ್ಯವೂ ಜಗಳವೂ ಎಲ್ಲಾ ಆ 15ರೊಳಗೇ ಇರೋದು. ಇನ್ನೊಂದು ಸಣ್ಣಕ್ಷರದ್ದು, ಮಿತಿಗಿಂತ 10 ಡೆಸಿಬಲ್ಲೋ ಅದಕ್ಕಿಂತ ಹೆಚ್ಚೋ ಮೀರಿದ್ರೆ ನೀವು ದೂರು ಕೊಡಬಹುದು. ಅಂದ್ರೆ ರಾತ್ರಿ ಮಿತಿ 45, ದೂರಿನ ಗೆರೆ 55. ನಡುವಿನ ಆ 10 ಡೆಸಿಬಲ್ ಯಾರದ್ದು? ನಮ್ಮನೆ ಹಿಂದೆ ಒಂದು ಮದುವೆ ಹಾಲ್ ಇದೆ, ಹೆಸರು ಬೇಡ, ಅದರ ಡಿಜೆಗೆ ಕೇಳ್ಬೇಕು. ಒಂದ್ಸಲ ಹನ್ನೊಂದೂವರೆಗೆ ಫೋನ್ ಮಾಡಿ ಕಂಪ್ಲೇಂಟ್ ಕೊಟ್ಟೆ, ಹತ್ತು ನಿಮಿಷ ಸದ್ದು ತಗ್ಗಿತು, ಆಮೇಲೆ ಮೊದಲಿಗಿಂತ ಜೋರಾಯ್ತು, ಅದೂ ನನ್ನ ಹೆಂಡ್ತಿಗೆ ಇಷ್ಟವಾದ ಹಾಡೇ ಬಂತು, ಅವಳು ಕಿಟಕಿ ಹತ್ರ ಹೋಗಿ ನಿಂತ್ಕೊಂಡ್ಲು. ನನ್ನ ದೂರು ಮನೇಲೇ ಬಿದ್ಹೋಯ್ತು.

ಕಿವಿಗಲ್ಲಿಗೆ ವಾಪಸ್. ನಾನೂ ವಿನಾಯಿತಿ ಪಟ್ಟಿ ಬರೆದೆ. ಗುಡಿ ಗಂಟೆ, ಬೆಂಕಿ ಬಿದ್ದಾಗಿನ ಕೂಗು, ಹೆರಿಗೆ ನೋವು. ಸಾವಿನ ಮನೆ ಅಳು ಹಾಕ್ಬೇಕಾ ಬೇಡ್ವಾ ಅಂತ ಎರಡು ದಿನ ಒದ್ದಾಡಿದೆ. ಅಥೆನ್ಸಲ್ಲಿ ಸೋಲನ್ ಕ್ರಿಸ್ತಪೂರ್ವ 594ರ ಹೊತ್ತಿಗೆ ಕಾನೂನು ತಿದ್ದಿದಾಗ ಹೆಂಗಸರು ಸಾವಲ್ಲಿ ಎದೆ ಬಡ್ಕೊಂಡು ಮೈ ಪರಚ್ಕೊಂಡು ರಾಗವಾಗಿ ಅಳೋದಕ್ಕೂ ಕಡಿವಾಣ ಹಾಕಿದ್ನಂತೆ. ನಮ್ಮಜ್ಜಿ ಹೋದಾಗ ಊರಿಂದ ಬಂದ ನಮ್ಮ ಸೋದರತ್ತೆ ಬಾಗಿಲಲ್ಲಿ ಚಪ್ಪಲಿ ಬಿಡೋವರೆಗೂ ಸುಮ್ನಿದ್ರು, ಹೊಸಿಲು ದಾಟಿದ ಕೂಡ್ಲೇ ಶುರು ಮಾಡಿದ್ರು, ಅಜ್ಜಿ ಅವ್ರಿಗೆ ಕೊಟ್ಟ ಸೀರೆ, ಮಾಡ್ಕೊಟ್ಟ ಅಂಟಿನುಂಡೆ, ಆಡಿದ ಜಗಳ, ಒಂದೊಂದಾಗಿ ಹೇಳಿ ಹೇಳಿ ಅತ್ರು. ಅಪಾರ್ಟ್‌ಮೆಂಟು. ಪಕ್ಕದ ಫ್ಲಾಟಿನವ್ರು ಬಾಗಿಲು ತೆಗೆದು ನೋಡಿ ಮೆಲ್ಲಗೆ ಹಾಕ್ಕೊಂಡ್ರು. ನಮ್ಮಪ್ಪ ಹೋಗಿ ಅತ್ತೆ ಭುಜದ ಮೇಲೆ ಕೈಯಿಟ್ಟು "ಸಾಕು ಸುಮ್ನಿರೇ" ಅಂದ್ರು. ಅತ್ತೆ ಮುಖ ಇನ್ನೂ ಕಣ್ಮುಂದಿದೆ. ವಿನಾಯಿತಿಗೆ ಸೇರಿಸ್ದೆ, ಮೂರು ದಿನ, ಯಾವ ಹೊಸಿಲಿನ ಲೆಕ್ಕಾನೂ ಇಲ್ಲ.

ಇಲ್ಲಿಗೆ ಮುಗೀತು ಅನ್ಕೊಂಡೆ. ಇಲ್ಲ. ಫಾಹಿಯಾನ್ ನೆನಪಿದಾನಲ್ವಾ, ಹೈಸ್ಕೂಲ್ ಪಾಠದಲ್ಲಿ ಬರ್ತಾನೆ, ಐದನೇ ಶತಮಾನದಲ್ಲಿ ಚೀನಾದಿಂದ ಬಂದ ಯಾತ್ರಿಕ. ಉತ್ತರ ಭಾರತದ ಬಗ್ಗೆ ಅವನು ಬರೀತಾನೆ, ಚಾಂಡಾಲರು ಊರ ಬಾಗಿಲಿಗೋ ಸಂತೆಗೋ ಬಂದ್ರೆ ಮರದ ತುಂಡನ್ನ ಬಡೀಬೇಕು, ಆ ಸದ್ದು ಕೇಳಿ ಮಿಕ್ಕವ್ರು ದೂರ ಸರೀತಾರೆ ಅಂತ. ಯುರೋಪಲ್ಲೂ ಮಧ್ಯಯುಗದಲ್ಲಿ ಕುಷ್ಠ ರೋಗಿಗಳು ಗಂಟೆನೋ ಮರದ ಗಿಲಕಿನೋ ಆಡಿಸ್ಕೊಂಡು ಹೋಗ್ಬೇಕಿತ್ತು. ನಾನು ಇಷ್ಟು ದಿನ ಸದ್ದಿನ ಕಾನೂನು ಅಂದ್ರೆ ಬಾಯಿ ಮುಚ್ಚಿಸೋದು ಅಂತಾನೇ ಅನ್ಕೊಂಡಿದ್ದೆ. ಕೆಲವ್ರಿಗೆ ಸದ್ದು ಮಾಡ್ಲೇಬೇಕು ಅಂತ ಕಟ್ಟಳೆ. ನಮ್ಮ ಹಳ್ಳಿಗಳಲ್ಲಿ ಡಂಗುರ ಸಾರೋದು, ಹಬ್ಬಕ್ಕೆ ಸಾವಿಗೆ ಹಲಗೆ ತಮಟೆ ಬಡಿಯೋದು ದಲಿತರ ಮೇಲೆ ಹೇರಿದ ಚಾಕರಿಯಾಗಿತ್ತಲ್ಲ, ಬಡೀಬೇಕು, ಆದ್ರೆ ದೂರ ನಿಂತು. ಎಷ್ಟೋ ಊರಲ್ಲಿ ಬಡಿಯಲ್ಲ ಅಂದಿದ್ದಕ್ಕೆ ಬಹಿಷ್ಕಾರ ಹಾಕಿದಾರೆ. ಅದೇ ತಮಟೆಯನ್ನ ಆಮೇಲೆ ಅದೇ ಜನ ಮೆರವಣಿಗೇಲಿ, ಹೋರಾಟದಲ್ಲಿ ತಮ್ಮಿಷ್ಟಕ್ಕೆ ಬಡಿದ್ರು, ಅದು ಬೇರೆನೇ ಕೇಳ್ಸುತ್ತೆ, ಕೇಳಿದವ್ರಿಗೆ ಗೊತ್ತು.

ಹಾಗಾಗಿ ಕಲಂ 4 ಹೊಸದಾಗಿ ಬಂತು. "ಕಮ್ಮಾರರ ಕೇರಿಯವರು ದಿವಾನರ ಬೀದಿಯಲ್ಲಿ ನಡೆಯುವಾಗ ಕಾಲಿಗೆ ಗೆಜ್ಜೆ ಕಟ್ಟತಕ್ಕದ್ದು." ಬರೆದು ಕೈ ತಣ್ಣಗಾಯ್ತು. ಯೋಚ್ನೆ ಮಾಡಿ, ತಮ್ಮ ಕೇರೀಲಿ ಅವ್ರು ಉಸಿರು ಬಿಗಿ ಹಿಡ್ದು ಬದುಕ್ಬೇಕು, ಮೇಲಿನ ಬೀದೀಲಿ ಘಲ್ ಘಲ್ ಅಂತ ಹೋಗ್ಬೇಕು. ಆ ಗೆಜ್ಜೆ ಸದ್ದನ್ನೂ ಬಂಡೆ ಕುಡೀತಲ್ಲ, ಅಮಾವಾಸ್ಯೆ ರಾತ್ರಿ ಏನಾಗುತ್ತೆ ಅಂದ್ರೆ ದಿವಾನರ ಬೀದಿ ಗೋಡೆಗಳಿಂದ ಒಂದು ತಿಂಗಳ ಗೆಜ್ಜೆ ಒಟ್ಟಿಗೆ ಸುರಿಯುತ್ತೆ. ನಡೆದವ್ರು ಯಾರೂ ಅಲ್ಲಿಲ್ಲ, ನಡಿಗೆ ಮಾತ್ರ ಇದೆ, ಸಾವಿರ ಕಾಲು. ಮನೆಯೊಳಗೆ ದಿವಾನರು ಹಾಸಿಗೆ ಮೇಲೆ ಎದ್ದು ಕೂತಿದಾರೆ. ಆ ಅಧ್ಯಾಯ ಒಂದೇ ರಾತ್ರೀಲಿ ಬರೆದೆ, ಇಡೀ ಕಾದಂಬರೀಲಿ ನನಗೆ ಸಮಾಧಾನ ಇರೋದು ಅದೊಂದೇ.

(ಇದಾದ್ಮೇಲೆ ಪ್ರಶ್ನೆ ಕೇಳಿ ಅಂದ್ರು. ಇಬ್ರು ಪುಸ್ತಕ ಯಾವಾಗ ಬರುತ್ತೆ ಅಂತ ಕೇಳಿದ್ರು, ಉತ್ತರ ಮೇಲೇ ಇದೆ. ಮೂರನೆಯವಳು ಹಿಂದಿನ ಸಾಲಲ್ಲಿದ್ದ ಒಬ್ಬ ಹುಡುಗಿ.)

ಅವಳು ಕೇಳಿದ್ದು, ನಿಮ್ಮ ಊರಲ್ಲಿ ಕಿವಿ ಕೇಳ್ದಿರೋರು ಏನ್ ಮಾಡ್ತಾರೆ ಸರ್? ನಾನು ಜಾಣನ ತರ, ಅವ್ರು ಪುಣ್ಯವಂತರು ಅಮಾವಾಸ್ಯೆ ರಾತ್ರಿ ಆರಾಮಾಗಿ ಮಲಗ್ತಾರೆ ಅಂದೆ, ಜನ ನಕ್ರು, ಅವಳು ನಗಲಿಲ್ಲ. ನಮ್ಮಮ್ಮಂಗೆ ಕೇಳ್ಸಲ್ಲ ಸರ್, ಕುಕ್ಕರ್ ಸೀಟಿಗಳನ್ನ ಅಡುಗೆ ಕಟ್ಟೆ ಮೇಲೆ ಅಂಗೈ ಇಟ್ಟು ಎಣಿಸ್ತಾರೆ, ನಡುಗುತ್ತಲ್ಲ ಅದು. ಆದ್ರೆ ಪಾತ್ರೆ ಇಡೋದು, ಕುರ್ಚಿ ಎಳೆಯೋದು, ಬೀರು ಬಾಗಿಲು, ಎಷ್ಟು ಜೋರಾಗುತ್ತೆ ಅಂತ ಅವ್ರಿಗೆ ಗೊತ್ತಾಗಲ್ಲ, ಕೆಳಗಿನ ಮನೆಯವ್ರು ಮೂರು ಸಲ ಬಂದು ಜಗಳ ಮಾಡಿದಾರೆ, ಅಮ್ಮ ಬಾಗಿಲಲ್ಲಿ ನಿಂತು ಅವ್ರ ಬಾಯಿ ನೋಡ್ತಾ ನಗ್ತಾರೆ, ಊಟಕ್ಕೆ ಕರೆಯಕ್ಕೆ ಬಂದಿದಾರೆ ಅನ್ಕೊಂಡು. ಈಗ ಕುರ್ಚಿ ಕಾಲಿಗೆಲ್ಲ ನನ್ನ ಹಳೇ ಸಾಕ್ಸ್ ಕಟ್ಟಿದೀನಿ ಅಂದ್ಲು.

ನನ್ನ ಹತ್ರ ಉತ್ತರ ಇರ್ಲಿಲ್ಲ, ಪೆನ್ನೂ ಇರ್ಲಿಲ್ಲ, ಅವಳ ಹತ್ರಾನೇ ಇಸ್ಕೊಂಡು ಬರ್ಕೊಂಡೆ. ಮನೆಗೆ ಬಂದು ನಕ್ಷೆ ತೆಗೆದೆ. ನೇಕಾರರ ಕೇರೀಲಿ ಎಡಗಡೆ ಎರಡನೇ ಮನೆಗೆ ಕಿವಿ ಕೇಳ್ದಿರೋ ಒಬ್ಬ ಹೆಂಗಸನ್ನ ಕೂರಿಸಿದೀನಿ, ಮಗ್ಗದ ಮುಂದೆ. ಲಾಳಿ ಆ ಕಡೆಯಿಂದ ಈ ಕಡೆಗೆ ಹೋಗೋದು ಅವಳಿಗೆ ಪಾದದಡಿ ಹಲಗೇಲಿ ಗೊತ್ತಾಗುತ್ತೆ. ಕಿವಿಗಾರ ಮೂರನೇ ಹೊಸಿಲಲ್ಲಿ ಕಣ್ಮುಚ್ಚಿ ನಿಂತಿದ್ದೋನು ಈ ಕಡೆ ಬರ್ತಿದಾನೆ. ಅವಳು ತಲೆ ಎತ್ತಿ ನೋಡಿದ್ಲು. ಕಲಂ 5ರಲ್ಲಿ ಏನು ಬರೀಬೇಕು ಅಂತ ಇನ್ನೂ ಗೊತ್ತಾಗಿಲ್ಲ, ಸದ್ಯಕ್ಕೆ ಅಂಕಿ ಮಾತ್ರ ಹಾಕಿಟ್ಟಿದೀನಿ.